ಕಾಲ ತಿರುಗಿಸುವ ಡಬ್ಬಿಗೆ ಸೋಮಾರಿತನ ಕಲಿಸಿದ್ದು

ಕಳೆದುಹೋದ ದಿನಕ್ಕೆ ಒಂದು ಚೀಟಿ ಕಳುಹಿಸುವ ಡಬ್ಬಿ. ನನ್ನ ವಿಜ್ಞಾನ ಕಥೆಗೆ ಬೇಕಾಗಿದ್ದು ಇಷ್ಟೇ. ನಾಯಕ ಮಂಡ್ಯ ಕಡೆಯ ಕಬ್ಬು ಬೆಳೆಗಾರ. ತೆರೆದ ಬಾವಿ, 5 ಎಚ್‌ಪಿ ಮೋಟಾರ್, ರಾತ್ರಿ ಹೊತ್ತು ಬರುವ ತ್ರೀ ಫೇಸ್ ಕರೆಂಟ್. ಮಂಗಳವಾರ ರಾತ್ರಿ ವೋಲ್ಟೇಜ್ ಇಳಿದು ಮೋಟಾರ್ ಸುಡುತ್ತದೆ. ಶನಿವಾರ ಅವನ ಕೈಗೆ ಡಬ್ಬಿ ಸಿಗುತ್ತದೆ. ಅದು ಎಲ್ಲಿಂದ ಬಂತು, ಒಳಗೆ ಏನಿದೆ ಅಂತ ಕಥೆಯಲ್ಲಿ ನಾನು ಹೇಳಲೇ ಇಲ್ಲ. ಅದು ಹೇಗೆ ನಡೆದುಕೊಳ್ಳುತ್ತದೆ ಅನ್ನೋದು ಸರಿಯಾಗಿದ್ದರೆ ಓದುಗರು ಉಳಿದದ್ದನ್ನು ಕೇಳುವುದಿಲ್ಲ.

ಕಾಲದಲ್ಲಿ ಮುಂದಕ್ಕೆ ಹೋಗೋಕೆ ಯಾರ ತಕರಾರೂ ಇಲ್ಲ. ಪುರಾಣದ ಕಕುದ್ಮಿ ರಾಜ ಮಗಳು ರೇವತಿಗೆ ಗಂಡು ಕೇಳೋಕೆ ಬ್ರಹ್ಮಲೋಕಕ್ಕೆ ಹೋಗಿ, ಸ್ವಲ್ಪ ಹೊತ್ತು ಸಂಗೀತ ಕೇಳುತ್ತಾ ಕಾದ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿತ್ತು. ಇವತ್ತಿನ ಜಿಪಿಎಸ್ ಉಪಗ್ರಹಗಳ ಗಡಿಯಾರವೂ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್ ಮುಂದೆ ಓಡುತ್ತದೆ. ಅದನ್ನು ಲೆಕ್ಕದಲ್ಲಿ ಸರಿ ಮಾಡಿಯೇ ನಮ್ಮ ಫೋನು ದಾರಿ ತೋರಿಸೋದು. ಗೋಳು ಶುರುವಾಗೋದು ಹಿಂದಕ್ಕೆ ಹೋದಾಗ. ಚೀಟಿ ಓದಿ ಮೋಟಾರ್ ಉಳಿಸಿಕೊಂಡರೆ, ಆ ಚೀಟಿ ಬರೆಯೋ ಅಗತ್ಯ ಯಾರಿಗೆ ಬಿತ್ತು?

ಬೇರೆ ಲೋಕ ಕವಲೊಡೆಯಿತು ಅಂತ ಬರೆದು ಕೈ ತೊಳೆದುಕೊಳ್ಳಬಹುದು. ನನಗೆ ಅದು ಹಿಡಿಸುವುದಿಲ್ಲ. ಸುಟ್ಟ ಮೋಟಾರಿನ ಲೋಕದಲ್ಲಿ ನಮ್ಮ ರೈತ ಹಾಗೇ ಸಾಲದಲ್ಲಿ ಉಳಿದಿರುತ್ತಾನೆ, ಲಾಭವೆಲ್ಲ ಇನ್ಯಾವುದೋ ಲೋಕದ ರೈತನಿಗೆ. ಮೋಸ ಅಲ್ವಾ?

ಹಾಗಾಗಿ ಭೌತಶಾಸ್ತ್ರದ ಕಡೆ ತಿರುಗಿದೆ. ಐನ್‌ಸ್ಟೈನ್ ಸಮೀಕರಣಗಳಲ್ಲಿ ಕಾಲ ಸುತ್ತಿಕೊಂಡು ತನ್ನ ಹಿಂದಿನ ಜಾಗಕ್ಕೇ ಬರೋ ದಾರಿ ಇದೆ ಅಂತ ತರ್ಕಶಾಸ್ತ್ರಜ್ಞ ಕರ್ಟ್ ಗೋಡೆಲ್ 1949ರಲ್ಲಿ ತೋರಿಸಿದ್ದರು. ಅಂಥ ಸುತ್ತು ಇದ್ದರೆ ಅದರಲ್ಲಿ ತನಗೆ ತಾನು ವಿರೋಧವಾಗದ ಘಟನೆಗಳು ಮಾತ್ರ ನಡೆಯುತ್ತವೆ ಅಂತ ರಷ್ಯಾದ ಭೌತವಿಜ್ಞಾನಿ ಇಗೊರ್ ನೊವಿಕೊವ್ ವಾದಿಸಿದರು. ಇದಕ್ಕೆ ಅಮೆರಿಕದ ಭೌತವಿಜ್ಞಾನಿ ಜೋಸೆಫ್ ಪೋಲ್ಚಿನ್‌ಸ್ಕಿ ಒಂದು ತರಲೆ ಪ್ರಶ್ನೆ ಹಾಕಿದರು. ಬಿಲಿಯರ್ಡ್ಸ್ ಚೆಂಡೊಂದು ವರ್ಮ್‌ಹೋಲ್ (ದೇಶ-ಕಾಲದ ಎರಡು ಜಾಗ ಸೇರಿಸೋ ಸುರಂಗ) ಹೊಕ್ಕು, ಕೊಂಚ ಹಿಂದಿನ ಕಾಲದಲ್ಲಿ ಹೊರಬಂದು, ತನಗೇ ಡಿಕ್ಕಿ ಹೊಡೆದು ಒಳಗೆ ಹೋಗದಂತೆ ತಡೆದರೆ? 1991ರಲ್ಲಿ ಭೌತವಿಜ್ಞಾನಿ ಕಿಪ್ ಥಾರ್ನ್ ಮತ್ತು ಜೊತೆಗಾರರು ಲೆಕ್ಕ ಹಾಕಿದರು. ಡಿಕ್ಕಿ ಬಲವಾಗಿರಬೇಕಿಲ್ಲ, ಬರೀ ಸವರಿದರೂ ಸಾಕು. ಸವರಿಸಿಕೊಂಡ ಚೆಂಡು ಸ್ವಲ್ಪ ಓರೆಯಾಗಿ ಒಳಹೋಗುತ್ತದೆ, ಓರೆಯಾಗಿ ಹೊರಬಂದು ಬರೀ ಸವರುತ್ತದೆ. ಲೆಕ್ಕ ಕೂಡಿತು. ಆದರೆ ಇಂಥ ಉತ್ತರ ಒಂದಲ್ಲ, ಎಷ್ಟೋ ಇದ್ದವು. ಅವುಗಳಲ್ಲಿ ನಡೆಯೋದು ಯಾವುದು ಅಂತ ಆ ಲೆಕ್ಕ ಹೇಳಲಿಲ್ಲ.

ಆ ಸಂದಿಯಲ್ಲೇ ನಾನು ಡಬ್ಬಿಯನ್ನು ಕೂರಿಸಿದೆ. ಕೂಡಿಬರುವ ಉತ್ತರಗಳಲ್ಲಿ ಯಾವುದು ಅಗ್ಗವೋ ಅದನ್ನು ಡಬ್ಬಿ ಆರಿಸುತ್ತದೆ. ಅದಕ್ಕೊಂದು ದರಪಟ್ಟಿ ಮಾಡಿದೆ. ಒಂದು ಅಕ್ಷರ ಅಳಿಸಲು 1 ಅಂಕ. ಒಬ್ಬರಿಗೆ ಅರ್ಧ ಗಂಟೆ ನಿದ್ದೆ ಬರಿಸಲು 5. ಮಳೆ ತರಿಸಲು 200. ಜೀವ ತೆಗೆಯೋದು ಪಟ್ಟಿಯಲ್ಲೇ ಇಲ್ಲ. ಜೊತೆಗೆ, ಬಳಸುವವನ ಅಭ್ಯಾಸಗಳನ್ನು ಡಬ್ಬಿ ಪ್ರತಿ ಸಲ ಕಲಿಯುತ್ತಾ ಹೋಗುತ್ತದೆ.

ಇದಾದ ಮೇಲೆ ಕಥೆ ಸರಸರ ಓಡಿತು. ರೈತ ಮೊದಲ ಚೀಟಿಯಲ್ಲಿ ‘ಮೋಟಾರ್ ಆನ್ ಮಾಡಬೇಡ’ ಅಂತ ಬರೆಯುತ್ತಾನೆ. ಚೀಟಿ ಮಂಗಳವಾರ ಕಾಲುವೆ ಪಕ್ಕ ಬೀಳುತ್ತದೆ, ಕೊನೆಯ ಅಕ್ಷರ ಒದ್ದೆ. ‘ಮಾಡಬೇ’ ಅಂತಷ್ಟೇ ಉಳಿದದ್ದನ್ನು ಅವನು ‘ಮಾಡಬೇಕು’ ಅಂತ ಓದಿಕೊಂಡು ರಾತ್ರಿ ಸ್ಟಾರ್ಟರ್ ಒತ್ತುತ್ತಾನೆ. ಖರ್ಚು 1 ಅಂಕ. ಶನಿವಾರ ಅವನಿಗೆ ಆ ಒದ್ದೆ ಚೀಟಿ ನೆನಪಾಗುತ್ತದೆ. ಈ ಸಲ ಲ್ಯಾಮಿನೇಶನ್ ಮಾಡಿಸಿ ಕಳುಹಿಸುತ್ತಾನೆ. ಇವನು ತಲೆ ಎತ್ತಿ ನೋಡುವವನಲ್ಲ ಅಂತ ಡಬ್ಬಿ ಅಷ್ಟರಲ್ಲಿ ಕಲಿತಿದೆ. ಚೀಟಿ ಕೊಟ್ಟಿಗೆಯ ಹೆಂಚಿನ ಸಂದಿಗೆ ಹೋಗಿ ಸಿಕ್ಕಿಕೊಳ್ಳುತ್ತದೆ. ಮಂಗಳವಾರದಿಂದ ಅಲ್ಲೇ ಇತ್ತು, ಅವನು ಅದರ ಕೆಳಗೇ ದಿನಾ ಹಾಲು ಕರೆಯುತ್ತಿದ್ದ.

ಇನ್ನು ಅವನನ್ನು ಗೆಲ್ಲಿಸೋದು ಹೇಗೆ? ಗೋಡೆಗೆ ಒಂದು ದೊಡ್ಡ ಹಾಳೆ ಅಂಟಿಸಿ ಮೂರು ಕಾಲಂ ಎಳೆದೆ. ಏನಾಯಿತು, ಯಾರು ನೋಡಿದರು, ಯಾರು ಸುಮ್ನೆ ಅಂದುಕೊಂಡರು. ಕಾಲದ ಕಥೆ ಬರೆಯುವವರಿಗೆ ಇದಕ್ಕಿಂತ ಒಳ್ಳೆ ಸಾಧನ ನನಗೆ ಗೊತ್ತಿಲ್ಲ. ‘ಮೋಟಾರ್ ಸುಟ್ಟಿತು’ ಅನ್ನೋ ಸಾಲಿಗೆ ಬಂದಾಗ ನಡುವಿನ ಕಾಲಂನಲ್ಲಿ ಬರೆಯೋಕೆ ಹೆಸರೇ ಇರಲಿಲ್ಲ. ಕತ್ತಲಲ್ಲಿ ಅವನು ಕಂಡದ್ದು ಹೊಗೆ, ಮೂಗಿಗೆ ಬಡಿದದ್ದು ವೈಂಡಿಂಗ್ ಕರಕಲಾದ ವಾಸನೆ. ಆಮೇಲೆ ಸಿಟ್ಟಿಗೆ ಪಂಪ್ ಮನೆಗೆ ಬೀಗ ಜಡಿದು ಬಂದಿದ್ದ. ರಿಪೇರಿಗೆ ದುಡ್ಡಿರಲಿಲ್ಲ, ಮತ್ತೆ ಆ ಕಡೆ ತಲೆ ಹಾಕಿರಲಿಲ್ಲ. ಸುಟ್ಟದ್ದು ಅವನ ಮೋಟಾರೇ ಅಂತ ಯಾರೂ ನೋಡಿಲ್ಲ!

ಮೂರನೇ ಚೀಟಿ ಹೆಂಡತಿಗೆ. ಅಕ್ಕಿ ಡಬ್ಬದೊಳಗೆ ಬೀಳುತ್ತದೆ. ಅವನು ಸೊಸೈಟಿಗೆ ಹೋಗಿದ್ದಾಗ ಆಕೆ ತಮ್ಮನನ್ನು ಕರೆಸಿ, ಮೂಲೆಯಲ್ಲಿ ಬಿದ್ದಿದ್ದ ಮಾವನ ಕಾಲದ ಹಳೇ ಮೋಟಾರನ್ನು ಪಂಪಿಗೆ ಕೂರಿಸಿ, ಒಳ್ಳೆಯದನ್ನು ಹುಲ್ಲಿನ ಮೆದೆಯಲ್ಲಿ ಮುಚ್ಚಿಡುತ್ತಾಳೆ. ಹೊಗೆ ಅದೇ, ವಾಸನೆ ಅದೇ, ಅವನ ಸಿಟ್ಟೂ ಅದೇ. ಡಬ್ಬಿಗೆ ಅಡ್ಡ ಹಾಕುವ ಅಗತ್ಯವೇ ಇಲ್ಲ, ಖರ್ಚು ಸೊನ್ನೆ.

ಆಕೆ ಶನಿವಾರದವರೆಗೂ ಸುಮ್ಮನಿದ್ದಳು ಅನ್ನೋದನ್ನು ನಂಬಿಸೋದೇ ಕಷ್ಟದ ಕೆಲಸ. ಗಂಡ ಊಟ ಬಿಟ್ಟು ಕೂತಿದ್ದಾನೆ, ಇವಳಿಗೆ ಎಲ್ಲ ಗೊತ್ತಿದೆ. ಅದಕ್ಕೇ ಹಿಂದಿನ ಪುಟಗಳಿಗೆ ಹೋಗಿ ಅಲ್ಲಲ್ಲಿ ಸುಳಿವು ಇಟ್ಟೆ. ಬುಧವಾರ ಆಕೆ ‘ಹುಲ್ಲು ನಾನೇ ತತ್ತೀನಿ, ನೀವು ಕೂತ್ಕೊಳಿ’ ಅನ್ನುತ್ತಾಳೆ. ಗುರುವಾರ ಮೈಕೈ ನೋವಿಗೆ ಎಣ್ಣೆ ಹಚ್ಚಿಕೊಳ್ಳುತ್ತಾಳೆ. ಕೊನೆಗೆ ಅವನು ‘ಯಾಕ್ ಹೇಳ್ಲಿಲ್ಲ ನೀನು?’ ಅಂತ ರೇಗಿದರೆ, ‘ಬಾಯಿ ಬಿಡಬೇಡ ಅಂತ ನೀವೇ ಬರ್ದಿದ್ರಲ್ಲ’ ಅನ್ನುತ್ತಾಳೆ.

ಈಗ ಎರಡನೇ ಕಥೆ ಶುರು ಮಾಡಿದ್ದೇನೆ. ಡಬ್ಬಿ ಪಕ್ಕದ ಹೊಲದವನ ಕೈಗೂ ಸಿಕ್ಕಿದೆ. ಇಬ್ಬರೂ ಒಂದೇ ರಾತ್ರಿಗೆ, ಒಂದೇ ಕಾಲುವೆ ನೀರಿಗೆ ಚೀಟಿ ಕಳುಹಿಸುತ್ತಾರೆ. ಹಾಳೆಗೆ ನಾಲ್ಕನೇ ಕಾಲಂ ಎಳೆದಾಗಿದೆ: ಯಾರು ಸುಳ್ಳು ಹೇಳಿದರು.