ಪಲ್ಪ್ ಹಿಂಡಿ ನೋಡುತ್ತಿದ್ದ ಕೈಗೆ ಡಿಸಿಎಸ್ ಕಲಿಸಿದ ಬಗೆ

ಕ್ರಾಫ್ಟ್ ಪೇಪರ್ (ಬಾಕ್ಸ್ ಮಾಡುವ ಕಂದು ಕಾಗದ) ಮಿಲ್ಲಿನಲ್ಲಿ ಇಡೀ ಮಿಷಿನನ್ನು ಒಟ್ಟಿಗೆ ತಿರುಗಿಸುವ ಲೈನ್ ಶಾಫ್ಟ್ ತೆಗೆದು ಭಾಗಕ್ಕೊಂದು ಮೋಟರಿನ ಸೆಕ್ಷನಲ್ ಡ್ರೈವ್ ಹಾಕಿ, ಕಂಟ್ರೋಲ್ ರೂಮಿನಲ್ಲಿ ಡಿಸಿಎಸ್ (ಮಿಷಿನ್ ನಿಯಂತ್ರಿಸುವ ಕಂಪ್ಯೂಟರ್ ವ್ಯವಸ್ಥೆ), ಹಾಳೆ ಸುತ್ತುವ ಪೋಪ್ ರೀಲಿನ ಮುಂದೆ ಹಾಳೆಯ ತೂಕ, ತೇವ ಅಳೆಯುವ ಸ್ಕ್ಯಾನರ್ ಕೂರಿಸಿದ ಮೇಲೆ ಸಾಮಾನ್ಯವಾಗಿ ಆಗುವುದು ಇಷ್ಟು: ಸಪ್ಲೈಯರ್ ಕಡೆಯ ಎಂಜಿನಿಯರ್ ಮೂರು ದಿನ ಇಂಗ್ಲಿಷಿನಲ್ಲಿ ಪಾಠ ಮಾಡುತ್ತಾರೆ, ಹಾಜರಿ ಹಾಳೆಗೆ ಸಹಿ ಬೀಳುತ್ತದೆ, ನಾಲ್ಕನೇ ದಿನದ ರಾತ್ರಿ ಪಾಳಿಯಲ್ಲಿ ಲೂಪ್‌ಗಳೆಲ್ಲ (ಅಳತೆ ನೋಡಿ ವಾಲ್ವನ್ನು ತಾನೇ ತಿರುಗಿಸುವ ವ್ಯವಸ್ಥೆಗಳು) ಆಟೋದಿಂದ ಮ್ಯಾನುಯಲ್‌ಗೆ ಬಂದಿರುತ್ತವೆ. ಹಳೇ ಮಿಷಿನ್‌ಮ್ಯಾನ್‌ಗೆ ಕಂಪ್ಯೂಟರ್ ಹತ್ತುವುದಿಲ್ಲ ಎಂದು ಆಫೀಸಿನವರು ತೀರ್ಮಾನಿಸಿಬಿಡುತ್ತಾರೆ. ಮೌಸ್ ಹಿಡಿಯುವುದನ್ನು ಯಾರಿಗಾದರೂ ಅರ್ಧ ದಿನದಲ್ಲಿ ಕಲಿಸಬಹುದು. ತೊಡಕು ಅಲ್ಲಿಲ್ಲ. ಕೈಗೆ ಗೊತ್ತಿರುವ ಹದಕ್ಕೂ ಸ್ಕ್ರೀನಿನ ಅಂಕಿಗೂ ಗಂಟು ಹಾಕಿಕೊಡದಿದ್ದರೆ ಆಪರೇಟರ್ ಆ ಅಂಕಿಯನ್ನು ನಂಬುವುದಿಲ್ಲ. ನಂಬದವನು ಆಟೋಗೆ ಏಕೆ ಹಾಕುತ್ತಾನೆ? ಹಾಗಾಗಿ ನಾವು ತರಬೇತಿಯನ್ನು ಸ್ಕ್ರೀನಿನಿಂದಲ್ಲ, ಬಕೆಟ್ಟಿನಿಂದ ಶುರು ಮಾಡಿದೆವು.

ಅದಕ್ಕೂ ಮೊದಲು ಆಗಬೇಕಾದ ಖರ್ಚು ಒಂದಿದೆ. ಪೇಪರ್ ಮಿಷಿನ್ ನಿಲ್ಲುವುದಿಲ್ಲ, ಆಪರೇಟರನ್ನು ಎಬ್ಬಿಸಿಕೊಂಡು ಹೋದರೆ ಅವನ ಜಾಗದಲ್ಲಿ ನಿಲ್ಲುವವರು ಬೇಕು. ಪ್ರತಿ ತಂಡಕ್ಕೂ ಒಬ್ಬ ಹೆಚ್ಚುವರಿ ರಿಲೀವರ್ ಕೊಡದೆ ಮಾಡಿದ ಟೈಮ್‌ಟೇಬಲ್ ಗೋಡೆಯ ಮೇಲೇ ಉಳಿಯುತ್ತದೆ. ಪಾಠ ಒಮ್ಮೆಗೆ 20 ನಿಮಿಷ, ಮಿಷಿನ್ ಪಕ್ಕದಲ್ಲೇ, ಎ ಮತ್ತು ಬಿ ಪಾಳಿಯಲ್ಲಿ ಮಾತ್ರ. ರಾತ್ರಿ ಪಾಳಿ ಮುಗಿಸಿದವರನ್ನು ಬೆಳಿಗ್ಗೆ 6ಕ್ಕೆ ಕೂರಿಸಿ ಪಾಠ ಮಾಡುವುದು ಹಾಜರಿಗೆ ಸರಿ, ಕಲಿಕೆಗಲ್ಲ. ವೈರ್ (ಪಲ್ಪಿನ ನೀರು ಸೋಸುವ ಜಾಲರಿ) ಅಥವಾ ಫೆಲ್ಟ್ (ಹಾಳೆಯ ನೀರು ಹೀರುವ ದಪ್ಪ ಬಟ್ಟೆ) ಬದಲಿಸುವ ಶಟ್‌ಡೌನ್ ದಿನಗಳನ್ನು ಓಡುವ ಮಿಷಿನ್ ಮೇಲೆ ಮಾಡಲಾಗದ ಅಭ್ಯಾಸಗಳಿಗೆ ಮೀಸಲಿಟ್ಟೆವು.

ಈಗ ಬಕೆಟ್ಟಿನ ವಿಷಯ. ಚೆಸ್ಟ್‌ನಿಂದ (ಪಲ್ಪ್ ತೊಟ್ಟಿ) ಒಂದು ಹಿಡಿ ಪಲ್ಪ್ (ನೀರಿನಲ್ಲಿ ಕಲಸಿದ ನಾರು) ತೆಗೆದು ಹಿಂಡಿ ‘ಇವತ್ತು ತೆಳು’ ಎನ್ನುವ, ಪಲ್ಪ್ ಹದ ಮಾಡುವ ಬೀಟರ್‌ಮನ್ ಸುಳ್ಳು ಹೇಳುವುದಿಲ್ಲ. ಅಂಬಲಿಯ ಹದ ನೋಡಿದ ಹಾಗೆ ಅದು. ಆ ‘ತೆಳು’ ಎಷ್ಟು ಎನ್ನುವುದಷ್ಟೇ ಬಾಕಿ. ಕ್ರಮ ಹೀಗಿತ್ತು: ಮೊದಲು ಕೈಯಲ್ಲಿ ಹಿಂಡಿ, ಊಹೆಯ ಕನ್ಸಿಸ್ಟೆನ್ಸಿಯನ್ನು (ಪಲ್ಪಿನಲ್ಲಿ ಒಣ ನಾರು ನೂರಕ್ಕೆಷ್ಟು) ಸ್ಲೇಟಿನ ಮೇಲೆ ಬರೆಯಬೇಕು. ಆಮೇಲೆ ಸ್ಯಾಂಪಲ್ ನಲ್ಲಿಯನ್ನು ಕೆಲವು ಸೆಕೆಂಡು ಹರಿಯಬಿಟ್ಟು (ಮೊದಲು ಬರುವುದು ಪೈಪಿನಲ್ಲಿ ನಿಂತ ಪಲ್ಪ್, ಅದು ಚೆಸ್ಟಿನದ್ದಲ್ಲ) 500 ಗ್ರಾಂ ತೂಗಿ, ಮೊದಲೇ ತೂಗಿಟ್ಟ ಫಿಲ್ಟರ್ ಪೇಪರಿನ ಮೇಲೆ ಬುಕ್ನರ್ ಫನೆಲ್‌ನಲ್ಲಿ ನೀರು ಎಳೆದು, 105 ಡಿಗ್ರಿ ಓವನ್‌ನಲ್ಲಿ ತೂಕ ಇಳಿಯುವುದು ನಿಲ್ಲುವವರೆಗೆ ಒಣಗಿಸಬೇಕು. ಫಿಲ್ಟರ್ ಪೇಪರಿನ ತೂಕ ಕಳೆದು 17.5 ಗ್ರಾಂ ಉಳಿದರೆ 3.5 ಪರ್ಸೆಂಟ್. ಕೊನೆಗೆ ಸ್ಕ್ರೀನಿನಲ್ಲಿ ಟ್ರಾನ್ಸ್‌ಮಿಟರ್ (ಪೈಪಿನಲ್ಲೇ ಕನ್ಸಿಸ್ಟೆನ್ಸಿ ಅಳೆಯುವ ಉಪಕರಣ) ಎಷ್ಟು ತೋರಿಸುತ್ತಿದೆ ಎಂದು ನೋಡಿ ಮೂರನ್ನೂ ಪಕ್ಕಪಕ್ಕ ಬರೆಯಬೇಕು. ದಿನಕ್ಕೆರಡು ಸಲ ಮಾಡಿದರೆ ಹಳಬರ ಊಹೆ ಬಹಳ ಬೇಗ ಓವನ್‌ನ ಅಂಕಿಯ ಹತ್ತಿರ ಬರುತ್ತದೆ. ಆದರೆ ಪಲ್ಪನ್ನು ವೈರಿನ ಮೇಲೆ ಹರಡುವ ಹೆಡ್‌ಬಾಕ್ಸಿನ 0.6 ಪರ್ಸೆಂಟ್‌ನಲ್ಲಿ ಕೈ ಕೆಲಸ ಮಾಡುವುದಿಲ್ಲ, ಎಲ್ಲವೂ ನೀರೇ. ಅಳತೆಯ ಬೆಲೆ ಗೊತ್ತಾಗುವುದು ಅಲ್ಲಿ. ಒಂದು ಲೀಟರ್ ಹೆಡ್‌ಬಾಕ್ಸ್ ಸ್ಯಾಂಪಲ್‌ನಲ್ಲಿ 6 ಗ್ರಾಂ, ವೈರಿನ ಕೆಳಗೆ ಇಳಿದ ಒಂದು ಲೀಟರ್ ಟ್ರೇ ನೀರಿನಲ್ಲಿ 1.5 ಗ್ರಾಂ ಸಿಕ್ಕಿದರೆ ವೈರಿನ ಮೇಲೆ ನಿಂತದ್ದು 75 ಪರ್ಸೆಂಟ್, ಉಳಿದದ್ದು ಕೆಳಗೆ ಇಳಿದು ಸುತ್ತುತ್ತಿದೆ. ರಿಟೆನ್ಷನ್ ಎಂಬ ಪದವನ್ನು ಇದಾದ ಮೇಲೆ ಹೇಳಿದರೆ ಸಾಕು.

ಮೂರು ಅಂಕಿ ಒಂದಕ್ಕೊಂದು ಹೊಂದದ ದಿನವೇ ಒಳ್ಳೆಯ ಪಾಠದ ದಿನ. ರದ್ದಿ ಕಾಗದದಿಂದ ಪಲ್ಪ್ ಮಾಡುವ ಮಿಲ್ಲಿನಲ್ಲಿ ಬ್ಲೇಡ್ ಮಾದರಿಯ ಟ್ರಾನ್ಸ್‌ಮಿಟರ್‌ಗೆ ಪಾಲಿಥೀನ್ ಎಳೆ, ಪ್ಯಾಕಿಂಗ್ ದಾರ ಸುತ್ತಿಕೊಳ್ಳುತ್ತವೆ. ಬ್ಲೇಡಿನ ಮೇಲೆ ಎಳೆತ ಹೆಚ್ಚಾದ್ದರಿಂದ ಪಲ್ಪ್ ಗಟ್ಟಿ ಇದೆ ಎಂದು ಅದು ಲೆಕ್ಕ ಹಾಕಿ ಪಲ್ಪ್ ತೆಳು ಮಾಡುವ ಡೈಲ್ಯೂಷನ್ ನೀರಿನ ವಾಲ್ವ್ ತೆರೆಯುತ್ತದೆ. ಸ್ಕ್ರೀನಿನಲ್ಲಿ 3.5 ಅಲ್ಲಾಡದೆ ನಿಂತಿರುತ್ತದೆ, ನಿಜಕ್ಕೂ ಇರುವುದು 2.9. ಜಿಎಸ್‌ಎಂ (ಒಂದು ಚದರ ಮೀಟರ್ ಹಾಳೆಯ ತೂಕ, ಗ್ರಾಂನಲ್ಲಿ) ಇಳಿಯುತ್ತದೆ, ಮಿಷಿನ್‌ಗೆ ಪಲ್ಪ್ ಬಿಡುವ ಬೇಸಿಸ್ ವೇಯ್ಟ್ ವಾಲ್ವ್ ತೆರೆಯುತ್ತಾ ಹೋಗಿ ಪೂರ್ತಿ ತೆರೆದು ನಿಲ್ಲುತ್ತದೆ, ಹೆಚ್ಚು ನೀರು ವೈರಿಗೆ ಬರುತ್ತದೆ, ಹಾಳೆಯನ್ನು ಹಿಂಡುವ ಪ್ರೆಸ್ಸಿಗೆ ಹಾಳೆ ಒದ್ದೆಯಾಗಿ ಹೋಗಿ ಹರಿದು ತುಂಡಾಗುತ್ತದೆ. ಡಿಸಿಎಸ್ ಮಾತ್ರ ಕಲಿತ ಹುಡುಗ ಸ್ಟೀಮ್ ಹೆಚ್ಚಿಸುತ್ತಾನೆ. ಕೈ ಮಾತ್ರ ನಂಬುವವನು ಲೂಪನ್ನು ಮ್ಯಾನುಯಲ್ ಮಾಡಿ ನೀರು ಕಡಿಮೆ ಮಾಡುತ್ತಾನೆ, ಕಾರಣ ಬರೆಯುವುದಿಲ್ಲ, ಮುಂದಿನ ಪಾಳಿಯವನು ಮತ್ತೆ ಆಟೋಗೆ ಹಾಕಿ ಅದೇ ಗುಂಡಿಗೆ ಬೀಳುತ್ತಾನೆ. ನಾವು ಮಾಡಿಸಿದ್ದು: ಸ್ಕ್ರೀನಿಗೂ ಓವನ್‌ಗೂ 0.3ಕ್ಕಿಂತ ಹೆಚ್ಚು ವ್ಯತ್ಯಾಸ ಬಂದರೆ ಲೂಪ್ ಮ್ಯಾನುಯಲ್, ಲಾಗ್ ಪುಸ್ತಕದಲ್ಲಿ ಕಾರಣ, ಇನ್‌ಸ್ಟ್ರುಮೆಂಟ್ ಮೆಕ್ಯಾನಿಕ್‌ಗೆ ಕರೆ, ಬ್ಲೇಡ್ ತೆಗೆದಾಗ ಆಪರೇಟರ್ ಕೂಡ ಪಕ್ಕದಲ್ಲಿ ನಿಂತು ನೋಡಬೇಕು. ಸುತ್ತಿಕೊಂಡ ದಾರದ ಉಂಡೆ ಕಣ್ಣಾರೆ ಕಂಡವನಿಗೆ ಟ್ರಾನ್ಸ್‌ಮಿಟರ್ ಬಗ್ಗೆ ಬೇರೆ ಪಾಠ ಬೇಡ.

ಲೆಕ್ಕವನ್ನು ಮಿಷಿನಿನ ಅಂಕಿಗಳಿಂದಲೇ ಕಲಿಸಬೇಕು. 10 ಸೆಂಟಿಮೀಟರ್ ಚೌಕದ ತುಂಡು 1.2 ಗ್ರಾಂ ತೂಗಿದರೆ 120 ಜಿಎಸ್‌ಎಂ. ಆ ಹಾಳೆಯ ಬರ್ಸ್ಟಿಂಗ್ ಸ್ಟ್ರೆಂತ್ (ಒಡೆಯುವಾಗಿನ ಒತ್ತಡ) ಚದರ ಸೆಂಟಿಮೀಟರಿಗೆ 2.4 ಕೆ.ಜಿ. ಬಂದರೆ, 1000ದಿಂದ ಗುಣಿಸಿ 120ರಿಂದ ಭಾಗಿಸಿ, 20 ಬಿಎಫ್ (ಬರ್ಸ್ಟ್ ಫ್ಯಾಕ್ಟರ್). 2.8 ಮೀಟರ್ ಡೆಕಲ್ (ಹಾಳೆಯ ಅಗಲ), ನಿಮಿಷಕ್ಕೆ 300 ಮೀಟರ್ ವೇಗ, 120 ಜಿಎಸ್‌ಎಂ ಎಂದರೆ ನಿಮಿಷಕ್ಕೆ ಸುಮಾರು 100 ಕೆ.ಜಿ. 25 ನಿಮಿಷದ ಬ್ರೇಕ್ (ಹಾಳೆ ಹರಿದು ಓಟ ನಿಲ್ಲುವುದು) ಎಂದರೆ ಎರಡೂವರೆ ಟನ್. ಈ ಒಂದು ಲೆಕ್ಕ ಮಾಡಿದ ಮೇಲೆ ಬ್ರೇಕ್ ಪುಸ್ತಕದಲ್ಲಿ ‘ಪೇಪರ್ ಕಟ್’ ಎಂದಷ್ಟೇ ಬರೆಯುವುದು ನಿಂತು, ಎಲ್ಲಿ, ಯಾವ ಅಂಚಿನಲ್ಲಿ, ತುಂಡಿನಲ್ಲಿ ಸ್ಲೈಮ್ ಇತ್ತೇ, ಅಂಟು ಇತ್ತೇ, ಅಂಚು ಕತ್ತರಿಸುವ ನೀರಿನ ಎಡ್ಜ್ ಕಟರ್ ನೋಝಲ್ ಕಟ್ಟಿತ್ತೇ ಎನ್ನುವುದೂ ಬರತೊಡಗುತ್ತದೆ.

ಸ್ಕ್ಯಾನರ್ ಬಂದ ಮೇಲೆ ದೊಡ್ಡ ತಪ್ಪು ಆತುರದ್ದು. ಜಿಎಸ್‌ಎಂ 116 ಕಂಡಿತು, ವಾಲ್ವ್ ತೆರೆದರು, ಅರ್ಧ ನಿಮಿಷದಲ್ಲಿ ಬದಲಾಗಲಿಲ್ಲ, ಇನ್ನೂ ತೆರೆದರು. ಆಮೇಲೆ 126. ಈಗ ಮುಚ್ಚುತ್ತಾರೆ. ಬದಲಾವಣೆ ಫ್ಯಾನ್ ಪಂಪ್, ಹೆಡ್‌ಬಾಕ್ಸ್, ವೈರ್, ಪ್ರೆಸ್, ಡ್ರೈಯರ್ ದಾಟಿ ರೀಲಿಗೆ ಬರಬೇಕು, ಸ್ಕ್ಯಾನರ್ ಈ ಅಂಚಿನಿಂದ ಆ ಅಂಚಿಗೆ ಹೋಗಿ ಸರಾಸರಿ ತೆಗೆಯಬೇಕು, ವೈರಿನಿಂದ ಇಳಿದು ಮತ್ತೆ ಬಳಕೆಯಾಗುವ ವೈಟ್ ವಾಟರ್ ಸುತ್ತು ಹೊಸ ಸ್ಥಿತಿಗೆ ಹೊಂದಿಕೊಳ್ಳಬೇಕು. ಇದನ್ನು ಬಾಯಲ್ಲಿ ಹೇಳಿ ಪ್ರಯೋಜನವಿಲ್ಲ. ಮಿಷಿನ್ ಶಾಂತವಾಗಿ ಓಡುವಾಗ ಲೂಪನ್ನು ಮ್ಯಾನುಯಲ್ ಮಾಡಿ, ವಾಲ್ವನ್ನು 1 ಪರ್ಸೆಂಟ್ ಮಾತ್ರ ಸರಿಸಿ, ಕೈಗಡಿಯಾರ ನೋಡುತ್ತಾ ಎರಡು ಸಮಯ ಬರೆಯಿಸಿದೆವು: ಟ್ರೆಂಡ್ ಗೆರೆ ಮೊದಲು ಅಲುಗಿದ್ದು ಯಾವಾಗ, ನೆಟ್ಟಗೆ ನಿಂತದ್ದು ಯಾವಾಗ. ಪ್ರತಿ ಆಪರೇಟರೂ ತನ್ನ ಕೈಯಾರೆ ಮಾಡಬೇಕು. ಆ ಎರಡು ಸಮಯ ಕೀಬೋರ್ಡ್ ಪಕ್ಕದ ಚೀಟಿಯಲ್ಲಿ ಅಂಟಿಸಿರಬೇಕು. ನಿಯಮ ಒಂದೇ: ಒಮ್ಮೆಗೆ ಒಂದನ್ನೇ ಮುಟ್ಟು, ಎರಡನೇ ಸಮಯ ಮುಗಿಯುವವರೆಗೆ ಕೈ ಕಟ್ಟಿಕೊಂಡಿರು. ಕೈ ಕಟ್ಟಿಕೊಂಡಿರುವುದೇ ಅತಿ ಕಷ್ಟದ ಕೌಶಲ, ಮೇಲಧಿಕಾರಿ ಹಿಂದೆ ನಿಂತಿದ್ದರಂತೂ ಇನ್ನೂ ಕಷ್ಟ. ಶಿಫ್ಟ್ ಇನ್‌ಚಾರ್ಜ್‌ಗಳಿಗೂ ಇದೇ ಅಭ್ಯಾಸ ಮಾಡಿಸಿದ್ದು ಅದಕ್ಕೇ.

ಸ್ಕ್ಯಾನರ್‌ನ ಎರಡನೆಯ ಪಾಠ ಅಡ್ಡಕ್ಕೂ ಉದ್ದಕ್ಕೂ ಇರುವ ವ್ಯತ್ಯಾಸ. ಸ್ಕ್ಯಾನರ್ ಚಿತ್ರದಲ್ಲಿ ಹಾಳೆಯ ಅಗಲದ ಒಂದೇ ಜಾಗದಲ್ಲಿ ಪ್ರತಿ ಸಲವೂ ಉಬ್ಬು ಕಂಡರೆ ಅದು ಅಡ್ಡದ ತೊಂದರೆ: ಸ್ಲೈಸ್ ಲಿಪ್‌ಗೆ (ಹೆಡ್‌ಬಾಕ್ಸಿನ ಬಾಯಿ) ಅಂಟಿದ ಕಸ, ಫೆಲ್ಟಿನಲ್ಲಿ ಕಟ್ಟಿದ ಪಟ್ಟಿ, ಕಟ್ಟಿಹೋದ ಶವರ್ ನೋಝಲ್. ಪೂರ್ತಿ ಅಗಲವೂ ಒಟ್ಟಿಗೆ ಏರಿಳಿದರೆ ಉದ್ದದ ತೊಂದರೆ: ಕನ್ಸಿಸ್ಟೆನ್ಸಿ ಅಥವಾ ಪಂಪು. ಅಡ್ಡದ ತೊಂದರೆಗೆ ವಾಲ್ವ್ ತಿರುಗಿಸಿ ಏನೂ ಆಗುವುದಿಲ್ಲ, ಟಾರ್ಚ್ ಹಿಡಿದು ಎದ್ದು ಹೋಗಲೇಬೇಕು. ಕಂಟ್ರೋಲ್ ರೂಮಿನ ಎ.ಸಿ. ಹೊಸ ಹುಡುಗರಿಗೆ ಒಗ್ಗಿಬಿಡುತ್ತದೆ, ಅದಕ್ಕೆ ಗಂಟೆಗೊಂದು ಸುತ್ತು ಕಡ್ಡಾಯ ಮಾಡಿದೆವು. ಸ್ಕ್ಯಾನರ್‌ನ ಜಿಎಸ್‌ಎಂ ಹೆಡ್‌ನಲ್ಲಿ ಕ್ರಿಪ್ಟಾನ್-85ರಂಥ ವಿಕಿರಣ ಮೂಲ ಇರುತ್ತದೆ. ಶಟರ್ ಮುಚ್ಚಿದೆ ಎಂಬ ದೀಪ ನೋಡದೆ ಹೆಡ್ ನಡುವೆ ಕೈ ಹಾಕಿ ಹಾಳೆ ಎಳೆಯಬಾರದು, ಹೆಡ್ ಬಿಚ್ಚುವುದು ಅಣುಶಕ್ತಿ ನಿಯಂತ್ರಣ ಮಂಡಳಿಯ ನಿಯಮದಂತೆ ಅದಕ್ಕೆ ನೇಮಕವಾದವರ ಕೆಲಸ.

ಸ್ಟೀಮ್ ಉಳಿತಾಯದ ಪಾಠ ಡ್ರೈಯರ್ ಬಳಿ ಅಲ್ಲ, ಪ್ರೆಸ್ ಬಳಿ. ಬ್ರೇಕ್ ಆದಾಗ ಕೊನೆಯ ಪ್ರೆಸ್ಸಿನ ನಂತರದ ಹಾಳೆಯ ತುಂಡನ್ನು ಕೂಡಲೇ ಪಾಲಿಥೀನ್ ಚೀಲಕ್ಕೆ ಹಾಕಿ ಬಾಯಿ ಕಟ್ಟಿ, ತೂಗಿ, ಒಣಗಿಸಿ, ಮತ್ತೆ ತೂಗಿದರೆ ಡ್ರೈನೆಸ್ ಸಿಗುತ್ತದೆ. 42 ಪರ್ಸೆಂಟ್ ಇದ್ದರೆ ಒಂದು ಕೆ.ಜಿ. ಒಣ ನಾರಿನ ಜೊತೆ 1.38 ಕೆ.ಜಿ. ನೀರು, 43 ಆದರೆ 1.33. ರೀಲಿನಲ್ಲಿ 7 ಪರ್ಸೆಂಟ್ ತೇವ ಉಳಿಸುವ ಲೆಕ್ಕದಲ್ಲಿ ಡ್ರೈಯರ್ ಹಾರಿಸಬೇಕಾದ ನೀರು 4 ಪರ್ಸೆಂಟ್‌ನಷ್ಟು ಇಳಿಯಿತು. ಒಂದೇ ಒಂದು ಪಾಯಿಂಟಿಗೆ ಇಷ್ಟು. ಫೆಲ್ಟ್ ಶವರಿನ ಪ್ರೆಶರ್, ಫೆಲ್ಟ್ ಸಕ್ಷನ್ ಬಾಕ್ಸಿನ ವ್ಯಾಕ್ಯೂಮ್ ದಿನಾ ಬರೆಯಿರಿ ಎಂದರೆ ಯಾಕೆ ಎಂದು ಕೇಳುವವರು ಈ ಲೆಕ್ಕದ ನಂತರ ಕೇಳುವುದಿಲ್ಲ.

ರೀಲಿನಲ್ಲಿ 7.5ರ ಬದಲು 5 ಪರ್ಸೆಂಟ್‌ಗೆ ಒಣಗಿಸುವ ಚಾಳಿಯೂ ಇಲ್ಲೇ ಬರುತ್ತದೆ. ದಿನಕ್ಕೆ 145 ಟನ್ ತೆಗೆಯುವ ಮಿಷಿನ್‌ನಲ್ಲಿ ಅಷ್ಟೇ ನಾರಿಗೆ ಸುಮಾರು 141 ಟನ್ ಮಾತ್ರ ತೂಗುತ್ತದೆ, ಮೇಲೆ ಬಾಕ್ಸ್ ಮಾಡುವವರಲ್ಲಿ ಮಡಿಕೆ ಬಿರುಕು ಬಿಡುತ್ತದೆ. ಆಪರೇಟರ್ ಹೀಗೆ ಮಾಡುವುದು ಸೋಮಾರಿತನದಿಂದಲ್ಲ. ಎಲ್ಲೋ ಒಂದು ಒದ್ದೆ ಪಟ್ಟಿ ಇರುತ್ತದೆ, ಅದನ್ನು ಒಣಗಿಸಲು ಇಡೀ ಹಾಳೆಯನ್ನು ಹುರಿಯುತ್ತಾನೆ. ಪಟ್ಟಿಯ ಮೂಲ ಹುಡುಕುವುದು ಕಲಿಸದೆ ‘ತೇವ 7.5 ಇಡು’ ಎಂದು ಸರ್ಕ್ಯುಲರ್ ಹೊರಡಿಸಿದರೆ ರಿಜೆಕ್ಷನ್ ಅವನ ತಲೆಗೆ ಕಟ್ಟಿದಂತೆ.

ಡ್ರಾ (ಮುಂದಿನ ಭಾಗ ಸ್ವಲ್ಪ ವೇಗವಾಗಿ ಓಡಿ ಹಾಳೆಯನ್ನು ಬಿಗಿ ಹಿಡಿಯುವುದು) ವಿಷಯದಲ್ಲಿ ಹಳಬರೇ ಮೇಷ್ಟ್ರು. ಕೋನ್ ಪುಲ್ಲಿಯ ಮೇಲೆ ಬೆಲ್ಟ್ ಸರಿಸಿ ಡ್ರಾ ಹೊಂದಿಸುತ್ತಿದ್ದವರು, ಹಾಳೆ ಎಷ್ಟು ಬಿಗಿ ಎಂದು ತಟ್ಟಿ ಹೇಳುತ್ತಾರೆ. ಅವರಿಗೆ ಬೇಕಾದ್ದು ಪರ್ಸೆಂಟ್‌ನ ಅರ್ಥ ಮಾತ್ರ: ಪ್ರೆಸ್ 300ರಲ್ಲಿ ಓಡಿದರೆ 2 ಪರ್ಸೆಂಟ್ ಡ್ರಾ ಎಂದರೆ ಡ್ರೈಯರ್ 306. ಬಟನ್ ಒಂದು ಸಲ ಒತ್ತಿದರೆ ಎಷ್ಟು ಬದಲಾಗುತ್ತದೆ ಎಂದು ಮೊದಲೇ ತೋರಿಸಿಕೊಡಬೇಕು. ಒಬ್ಬ ಹಳಬ, ಒಬ್ಬ ಐಟಿಐ ಹುಡುಗ ಜೋಡಿ ಮಾಡಿದ್ದು ಇದಕ್ಕೆ ಚೆನ್ನಾಗಿ ಕೂಡಿ ಬಂತು. ‘ಅಣ್ಣ, ಈಗ ಬಿಗಿಯಾ?’ ಎಂದು ಹುಡುಗ ಕೇಳುತ್ತಾನೆ, ಅಂಕಿ ಓದಿ ಹೇಳುತ್ತಾನೆ, ಇಬ್ಬರಿಗೂ ಬೇಕಾದ್ದು ಸಿಗುತ್ತದೆ. ಭದ್ರಾವತಿ, ದಾಂಡೇಲಿ ಕಡೆ ಡೈಜೆಸ್ಟರ್‌ನಲ್ಲಿ ಮರ ಬೇಯಿಸಿ ಪಳಗಿದವರು ರದ್ದಿ ಪಲ್ಪಿಗೆ ಬಂದರೆ ಮರುತರಬೇತಿಯ ರೀತಿಯೇ ಬೇರೆ. ಅವರ ಕಣ್ಣು ಕಪ್ಪಾ ನಂಬರಿನ (ಮರ ಎಷ್ಟು ಬೆಂದಿದೆ ಎಂಬ ಅಳತೆ) ಮೇಲೆ. ಇಲ್ಲಿ ಬೇಯಿಸುವುದೇ ಇಲ್ಲ, ಶತ್ರು ಪ್ಲಾಸ್ಟಿಕ್, ಮರಳು, ಅಂಟು. ಅವರನ್ನು ಮೊದಲ ವಾರ ಪಲ್ಪ್ ಜರಡಿ ಹಿಡಿಯುವ ಸ್ಕ್ರೀನ್ ಮತ್ತು ಕ್ಲೀನರ್‌ಗಳ ರಿಜೆಕ್ಟ್ (ಹೊರಬೀಳುವ ಕಸ) ಬಳಿ ನಿಲ್ಲಿಸಿ, ಏನು ಹೊರಗೆ ಬೀಳುತ್ತಿದೆ ಎಂದು ಬಕೆಟ್ಟಿನಲ್ಲಿ ತೊಳೆದು ನೋಡಲು ಹೇಳಿದೆವು. ಒಳ್ಳೆಯ ನಾರು ಬೀಳುತ್ತಿದ್ದರೆ ಅವರು ನಮಗಿಂತ ಬೇಗ ಗುರುತಿಸುತ್ತಾರೆ.

ಚೆಸ್ಟ್ ಮತ್ತು ಪಿಟ್ ಸ್ವಚ್ಛ ಮಾಡುವವರು ಬಹುಪಾಲು ಗುತ್ತಿಗೆಯವರು. ತರಬೇತಿ ಪಟ್ಟಿಯಲ್ಲಿ ಅವರ ಹೆಸರೇ ಇರುವುದಿಲ್ಲ, ಸಾವಿನ ಅಪಾಯ ಹೆಚ್ಚಿರುವುದು ಅವರಿಗೇ. ನಿಂತ ಪಲ್ಪ್ ಕೊಳೆತರೆ ಹೈಡ್ರೋಜನ್ ಸಲ್ಫೈಡ್ ಆಗುತ್ತದೆ, ಗಾಳಿಗಿಂತ ಭಾರ, ತಳದಲ್ಲಿ ಕೂರುತ್ತದೆ. ಕೊಳೆತ ಮೊಟ್ಟೆ ವಾಸನೆ ಬಂದರೆ ಗೊತ್ತಾಗುತ್ತದಲ್ಲ ಎಂಬ ನಂಬಿಕೆ ಎಲ್ಲರಿಗೂ ಇದೆ. ಸುಮಾರು 100 ಪಿಪಿಎಂ ದಾಟಿದರೆ ಮೂಗೇ ಸತ್ತುಹೋಗುತ್ತದೆ, ವಾಸನೆ ನಿಂತಿತು ಎಂದು ಒಳಗಿಳಿಯುತ್ತಾರೆ. ಶಟ್‌ಡೌನ್ ದಿನ ಅವರ ಕೈಗೇ ಮೀಟರ್ ಕೊಟ್ಟು ಮೇಲೆ, ನಡುವೆ, ತಳದಲ್ಲಿ ಅಳೆಯಿಸಿದೆವು: ಆಮ್ಲಜನಕ 19.5 ಪರ್ಸೆಂಟ್‌ಗಿಂತ ಕಡಿಮೆಯಾಗಲಿ, ಸಲ್ಫೈಡ್ 10 ಪಿಪಿಎಂ ಮುಟ್ಟಲಿ, ಇಳಿಯುವುದಿಲ್ಲ. ಹೂಳು ಕೆದಕಿದಾಗ ಗ್ಯಾಸ್ ಮತ್ತೆ ಏಳುವುದರಿಂದ ಮೀಟರ್ ಕೆಲಸ ಮುಗಿಯುವವರೆಗೆ ಮೈಮೇಲೇ ಇರಬೇಕು. ಚೆಸ್ಟ್ ಕಲಕುವ ಅಜಿಟೇಟರ್ ಮೋಟರಿನ ಬೀಗದ ಕೀ ಒಳಗಿಳಿಯುವವನ ಜೇಬಿನಲ್ಲಿ. ಮೇಲೆ ನಿಂತವನು ಬಿದ್ದವನನ್ನು ಎತ್ತಲು ತಾನು ಇಳಿಯಬಾರದು, ಹಗ್ಗ-ವಿಂಚ್‌ನಿಂದಲೇ ಎಳೆಯಬೇಕು. 50 ಕೆ.ಜಿ. ಮೂಟೆ ಕಟ್ಟಿ ಇದನ್ನು ನಿಜವಾಗಿ ಎಳೆಸಿದೆವು, ವಿಂಚ್ ತುಕ್ಕು ಹಿಡಿದಿದೆ ಎನ್ನುವುದು ಗೊತ್ತಾಗುವುದು ಆಗಲೇ.

ಲಿಖಿತ ಪರೀಕ್ಷೆ ಇಡಲಿಲ್ಲ, ಒಂದೊಂದು ಕೆಲಸಕ್ಕೂ ಅಂಕ ಕೊಟ್ಟೆವು. 0 ಅಂದರೆ ಕಂಡಿಲ್ಲ, 1 ಜೊತೆಗಿದ್ದರೆ ಮಾಡುತ್ತಾನೆ, 2 ಒಬ್ಬನೇ ಮಾಡುತ್ತಾನೆ, 3 ಕೆಟ್ಟಾಗಲೂ ನಿಭಾಯಿಸುತ್ತಾನೆ, 4 ಕಲಿಸಬಲ್ಲ. ಈ ಅಂಕಗಳನ್ನು ಹೆಸರಿನೊಂದಿಗೆ ಗೋಡೆಗೆ ಹಾಕಬಾರದು. ವರ್ಷಾನುಗಟ್ಟಲೆ ದುಡಿದವರ ಹೆಸರಿನ ಮುಂದೆ 1 ಕಂಡ ದಿನ ತರಬೇತಿ ಮುಗಿದಂತೆ. ಗೋಡೆಗೆ ಹಾಕಿದ್ದು ತಂಡದ ಲೆಕ್ಕ: ವೈಂಡರ್ (ರೀಲನ್ನು ಸಣ್ಣ ಸುರುಳಿ ಮಾಡುವ ಮಿಷಿನ್) ಒಬ್ಬರೇ ಓಡಿಸಬಲ್ಲವರು ಬಿ ತಂಡದಲ್ಲಿ ಎಷ್ಟು ಜನ, ಅಷ್ಟೇ. ಎರಡನೇ ಕೆಲಸ ಕಲಿತವರಿಗೆ ಭತ್ಯೆ ಎಷ್ಟು, ಗ್ರೇಡ್ ಯಾವಾಗ ಎನ್ನುವುದು ಯೂನಿಯನ್ ಜೊತೆ ಮೊದಲೇ ಬರಹದಲ್ಲಿ ಇತ್ಯರ್ಥವಾಗಿರಬೇಕು. ಇಲ್ಲದಿದ್ದರೆ ‘ಎರಡು ಕೆಲಸ, ಒಂದು ಸಂಬಳ’ ಎಂಬ ಮಾತು ಹಬ್ಬುತ್ತದೆ, ಆ ಮಾತಿನಲ್ಲಿ ತಪ್ಪೂ ಇಲ್ಲ. ಅಲಾರಂ, ಟ್ಯಾಗ್ ಹೆಸರುಗಳು ಇಂಗ್ಲಿಷಿನಲ್ಲೇ ಉಳಿದವು, ಅವಕ್ಕೆ ಕನ್ನಡ ಚೀಟಿ ಮಾಡುವಾಗ ‘ಸ್ಥಿರತೆ ಪ್ರೇಷಕ’ ಎಂದು ಬರೆದರೆ ಯಾರಿಗೂ ತಿಳಿಯುವುದಿಲ್ಲ. ‘ಮಿಷಿನ್ ಚೆಸ್ಟ್ ಪಲ್ಪ್ ಗಟ್ಟಿ’ ಎಂದರೆ ಎಲ್ಲರಿಗೂ ತಿಳಿಯುತ್ತದೆ.

ಕಲಿತರೋ ಇಲ್ಲವೋ ಎಂದು ಮೂರು ತಿಂಗಳ ನಂತರ ನೋಡಿದ್ದು ಒಂದೇ ಜಾಗದಲ್ಲಿ: ರಾತ್ರಿ 3 ಗಂಟೆಗೆ, ಸಿ ಪಾಳಿಯಲ್ಲಿ, ಎಷ್ಟು ಲೂಪ್ ಆಟೋದಲ್ಲಿವೆ. ಡಿಸಿಎಸ್‌ನ ದಾಖಲೆಯಲ್ಲೇ ಅದು ಸಿಗುತ್ತದೆ. ಒಂದೇ ಲೂಪ್ ಎಲ್ಲ ತಂಡಗಳಲ್ಲೂ ಮ್ಯಾನುಯಲ್ ಇದ್ದರೆ ಆಪರೇಟರನ್ನು ಕರೆಸುವ ಮೊದಲು ಆ ವಾಲ್ವಿನ ಬಳಿ ಹೋಗಿ. ಔಟ್‌ಪುಟ್ ಅರ್ಧ ಪರ್ಸೆಂಟ್‌ನಂತೆ ಏರಿಸುತ್ತಾ ವಾಲ್ವಿನ ಸ್ಟೆಮ್ (ಕಡ್ಡಿ) ನೋಡಿ. ಮೂರು ನಾಲ್ಕು ಹೆಜ್ಜೆ ಅಲುಗದೆ ಆಮೇಲೆ ಒಮ್ಮೆಲೇ ಜಿಗಿದರೆ ಕಲಿಯಬೇಕಾದದ್ದು ಆಪರೇಟರ್ ಅಲ್ಲ, ಸ್ಟೆಮ್ ಸುತ್ತ ಸೋರಿಕೆ ತಡೆಯುವ ಗ್ಲ್ಯಾಂಡ್ ಪ್ಯಾಕಿಂಗ್ ಅತಿಯಾಗಿ ಬಿಗಿದ ಫಿಟ್ಟರ್.