ಕೇಳದೆ ಬರುವ ಆಫರ್‌ಗಳಿಗೆ ಫೋನಿನಲ್ಲೇ ಬೀಗ ಹಾಕಿ

ಕಳೆದ ಮೆಕ್ಕೆಜೋಳದ ಸುಗ್ಗಿಯಲ್ಲಿ ನಮ್ಮ ಚಿಕ್ಕಪ್ಪ ದಾವಣಗೆರೆ ಎಪಿಎಂಸಿಗೆ ಮಾಲು ತಂದಿದ್ದರು. ತೂಕ ಆಯಿತು, ಲೆಕ್ಕ ಆಯಿತು. ದುಡ್ಡು ಖಾತೆಗೆ ಬಿದ್ದ ಮೆಸೇಜ್ ಬರುವುದೊಂದು ಬಾಕಿ. ಅಷ್ಟರಲ್ಲಿ ಏನಾದರೂ ತಿನ್ನೋಣ ಅಂತ ಇಬ್ಬರೂ ಮಂಡಕ್ಕಿ ಅಂಗಡಿಗೆ ಹೋಗಿ ಕೂತೆವು. ಮುಂದೆ ಖಾರ ಮಂಡಕ್ಕಿ, ಪಕ್ಕದಲ್ಲಿ ಬಿಸಿ ಮಿರ್ಚಿ. ಫೋನು ಆಗಾಗ ಟಿಣ್ ಅನ್ನುತ್ತಿತ್ತು. ಪ್ರತಿ ಸಲವೂ ಚಿಕ್ಕಪ್ಪ ಕೈ ಒರೆಸಿಕೊಂಡು ನೋಡುವುದು, ಮತ್ತೆ ಇಡುವುದು. ಒಮ್ಮೆ ಸಾಲದ ಆಫರ್, ಒಮ್ಮೆ ಸೈಟು ಮಾರಾಟ, ಒಮ್ಮೆ ರೀಚಾರ್ಜ್ ಮೇಲೆ ರಿಯಾಯಿತಿ.

ಆಗ ಪರದೆಯ ನಡುವೆ ಒಂದು ಬಿಳಿ ಡಬ್ಬಿ ಎದ್ದು ನಿಂತಿತು. ರಾಶಿಫಲ ಬೇಕಾ ಅಂತ ಇಂಗ್ಲಿಷಿನಲ್ಲಿ ಎರಡು ಸಾಲು, ಕೆಳಗೆ ಓಕೆ, ಕ್ಯಾನ್ಸಲ್. ಎಣ್ಣೆ ಬೆರಳಿನಲ್ಲಿ ಚಿಕ್ಕಪ್ಪ ಓಕೆ ಒತ್ತಿದರು. ಇನ್ನೊಂದು ಡಬ್ಬಿ ಬಂತು. ಅದಕ್ಕೂ ಓಕೆ. ಸ್ವಲ್ಪ ಹೊತ್ತಿಗೆ ಬ್ಯಾಲೆನ್ಸಿನಿಂದ 30 ರೂಪಾಯಿ ಹೋಗಿದೆ ಅಂತ ಮೆಸೇಜ್.

‘ನಾನೇನೂ ಕೇಳಿಲ್ಲಪ್ಪಾ. ಅದೇ ಬಂತು, ಅದೇ ದುಡ್ಡು ತಗಂತು’ ಅಂದರು.

ಅವರು ಓಕೆ ಒತ್ತಿದ್ದು ‘ಬೇಕು’ ಅಂತ ಅಲ್ಲ, ‘ಈ ಡಬ್ಬಿ ಹೋಗಲಿ’ ಅಂತ. ಹಣ ಕಟ್ ಆಗುವ ಸೇವೆ ಶುರು ಮಾಡುವ ಮುಂಚೆ ಗ್ರಾಹಕರನ್ನು ಎರಡು ಸಲ ಕೇಳಬೇಕು ಎಂದು ಟೆಲಿಕಾಂ ಕಂಪನಿಗಳಿಗೆ ನಿಯಮ ಮಾಡುವ ಸರ್ಕಾರಿ ಸಂಸ್ಥೆ ಟ್ರಾಯ್ 2013ರಲ್ಲೇ ಹೇಳಿದೆ. ಎರಡನೇ ಡಬ್ಬಿ ಬಂದದ್ದು ಅದಕ್ಕೇ. ಆದರೆ ಇಂಗ್ಲಿಷ್ ಓದಲು ಬಾರದವರಿಗೆ ಎರಡು ಸಲ ಕೇಳಿದರೂ ಒಂದೇ, ಹತ್ತು ಸಲ ಕೇಳಿದರೂ ಒಂದೇ. ಬ್ಯಾಂಕಿನ ಮೆಸೇಜ್ ಎಲ್ಲಿತ್ತು ಗೊತ್ತಾ? ಆಗಲೇ ಬಂದು, ಆಫರ್‌ಗಳ ಕೆಳಗೆ ಹೂತುಹೋಗಿತ್ತು.

ಆ ಸಂಜೆ ಚಿಕ್ಕಪ್ಪನ ಫೋನ್ ಹಿಡಿದು ಕೂತು ಒಂದೊಂದೇ ನಿಲ್ಲಿಸಿದೆ. ಅದನ್ನೇ ಇಲ್ಲಿ ಬರೆಯುತ್ತಿದ್ದೇನೆ. ಮೊದಲೇ ಒಂದು ಮಾತು: ಈ ಜಾಹೀರಾತುಗಳೆಲ್ಲ ಒಂದೇ ಕಡೆಯಿಂದ ಬರುವುದಿಲ್ಲ. ಕೆಲವು ಸಿಮ್ಮಿನಿಂದ, ಕೆಲವು ಮೆಸೇಜ್ ಮತ್ತು ಕರೆಯಾಗಿ, ಇನ್ನು ಕೆಲವು ಫೋನಿನೊಳಗಿನಿಂದಲೇ ಬರುತ್ತವೆ. ‘ಡಿಎನ್‌ಡಿ (ಡು ನಾಟ್ ಡಿಸ್ಟರ್ಬ್, ಅಂದರೆ ಪ್ರಚಾರದ ಮೆಸೇಜ್, ಕರೆಗಳಿಗೆ ತಡೆ) ಮಾಡಿಸಿದೆ, ಆದರೂ ಬರ್ತಾನೇ ಇದೆ’ ಅನ್ನುವವರು ಒಂದು ಬಾಗಿಲು ಹಾಕಿ ಉಳಿದೆರಡನ್ನು ತೆರೆದಿಟ್ಟಿರುತ್ತಾರೆ.

ಮೊದಲು ಆ ಡಬ್ಬಿ

ದುಡ್ಡು ಹೋಗುವುದು ಇಲ್ಲಿಂದ, ಹಾಗಾಗಿ ಇದನ್ನೇ ಮೊದಲು ಮಾಡಿ. ಪರದೆಯ ಮೇಲೆ ತಾನಾಗಿ ಏಳುವ ಈ ಡಬ್ಬಿಗಳಲ್ಲಿ ಹೆಚ್ಚಿನವು ಸಿಮ್ ಕಾರ್ಡಿನೊಳಗೇ ಇರುವ ಒಂದು ಸಣ್ಣ ಮೆನುವಿನಿಂದ ಬರುತ್ತವೆ. ಆಂಡ್ರಾಯ್ಡ್ ಫೋನಿನ ಆ್ಯಪ್‌ಗಳ ನಡುವೆ ‘ಸಿಮ್ ಟೂಲ್‌ಕಿಟ್’ ಎಂಬ ಹೆಸರು ಹುಡುಕಿ. ಕೆಲವು ಫೋನಿನಲ್ಲಿ ಅದರ ಬದಲು ಕಂಪನಿಯ ಹೆಸರೇ ಇರುತ್ತದೆ. ನೀವು ಹಾಕಿಕೊಂಡ ಆ್ಯಪ್ ಅಲ್ಲ ಅದು, ಸಿಮ್ ಜೊತೆಗೇ ಬಂದದ್ದು. ಎರಡು ಸಿಮ್ ಇದ್ದರೆ ಎರಡೂ ಅಲ್ಲಿ ಕಾಣುತ್ತವೆ, ಎರಡನ್ನೂ ತೆರೆದು ನೋಡಿ.

ಒಳಗೆ ‘ಫ್ಲ್ಯಾಶ್’, ‘ನೌ’, ‘ಬಝ್’ ಎಂಬಂಥ ಒಂದು ಸಾಲು ಇರುತ್ತದೆ. ಒಂದೊಂದು ಕಂಪನಿಗೆ ಒಂದೊಂದು ಹೆಸರು. ಅದನ್ನು ಒತ್ತಿದರೆ ಸ್ಟಾರ್ಟ್, ಸ್ಟಾಪ್ ಅಥವಾ ಆ್ಯಕ್ಟಿವೇಟ್, ಡಿಆ್ಯಕ್ಟಿವೇಟ್ ಎಂದು ಬರುತ್ತದೆ. ಸ್ಟಾಪ್ ಅಥವಾ ಡಿಆ್ಯಕ್ಟಿವೇಟ್ ಒತ್ತಿ. ನಿಂತಿದೆ ಎಂದು ಮೆಸೇಜ್ ಬಂದ ಮೇಲೇ ಹೊರಗೆ ಬನ್ನಿ. ಐಫೋನಿನಲ್ಲಿ ಇದೇ ಮೆನು ಸೆಟ್ಟಿಂಗ್ಸ್ ಒಳಗಿನ ಮೊಬೈಲ್ ಡೇಟಾ (ಕೆಲವದರಲ್ಲಿ ಮೊಬೈಲ್ ಸರ್ವಿಸ್) ವಿಭಾಗದಲ್ಲಿ, ‘ಸಿಮ್ ಅಪ್ಲಿಕೇಶನ್ಸ್’ ಎಂಬ ಹೆಸರಿನಲ್ಲಿದೆ.

ಈಗಾಗಲೇ ಯಾವುದಾದರೂ ಸೇವೆ ಶುರುವಾಗಿ ದುಡ್ಡು ಕಟ್ ಆಗುತ್ತಿದ್ದರೆ 155223 ನೆನಪಿಡಿ. ಹಣದ ಸೇವೆಗಳನ್ನು ನಿಲ್ಲಿಸಲು ಎಲ್ಲ ಕಂಪನಿಗಳಿಗೂ ಇದು ಒಂದೇ ನಂಬರ್, ಉಚಿತ. ಇಂಗ್ಲಿಷ್ ಅಕ್ಷರದಲ್ಲಿ ‘ಸ್ಟಾಪ್’ ಎಂದು ಬರೆದು ಈ ನಂಬರಿಗೆ ಮೆಸೇಜ್ ಮಾಡಿ, ಇಲ್ಲವೇ ಕರೆ ಮಾಡಿ. ನಂತರ ದೂರಿನ ನಂಬರ್ 198ಕ್ಕೆ ಕರೆ ಮಾಡಿ, ನಾವು ಕೇಳದೆ ಶುರುವಾದ ಸೇವೆ, ದುಡ್ಡು ವಾಪಸ್ ಹಾಕಿ ಎಂದು ಕೇಳಿ. ಕನ್ನಡದಲ್ಲೇ ಮಾತಾಡಿ, ಸಂಕೋಚ ಬೇಡ. ದೂರಿನ ಸಂಖ್ಯೆ ಕೊಡುತ್ತಾರೆ, ಅದನ್ನು ಬರೆದಿಟ್ಟುಕೊಳ್ಳಿ. ಚಿಕ್ಕಪ್ಪನ 30 ರೂಪಾಯಿ ಹೀಗೇ ವಾಪಸ್ ಬಂತು. ಸಣ್ಣ ಮೊತ್ತ ನಿಜ. ಆದರೆ ಬಿಟ್ಟಿದ್ದರೆ ಆ ಸೇವೆ ತಾನಾಗಿ ಮುಂದುವರಿದು ಮತ್ತೆ ಮತ್ತೆ ಕಟ್ ಆಗುತ್ತಿತ್ತು.

1909: ಮೆಸೇಜ್, ಕರೆಗಳಿಗೆ

ಡಿಎನ್‌ಡಿ ಗೊತ್ತಿರುವುದೇ ಅಲ್ವಾ ಅನ್ನಬಹುದು. ಆದರೆ ಸರಿಯಾಗಿ ಮಾಡಿದವರು ಕಡಿಮೆ. ಇಂಗ್ಲಿಷ್ ಅಕ್ಷರದಲ್ಲಿ ‘ಸ್ಟಾರ್ಟ್’ ಎಂದು ಬರೆದು, ಒಂದು ಜಾಗ ಬಿಟ್ಟು, ಸೊನ್ನೆ ಹಾಕಿ 1909ಕ್ಕೆ ಕಳಿಸಿ. ನಿಲ್ಲಿಸಬೇಕಾದರೆ ‘ಸ್ಟಾರ್ಟ್’ ಯಾಕೆ ಅಂತ ಎಲ್ಲರೂ ಕೇಳುತ್ತಾರೆ. ಶುರುವಾಗುವುದು ತಡೆ, ಹಾಗಾಗಿ ಸ್ಟಾರ್ಟ್. ಇಲ್ಲಿ ಮರೆತು ‘ಸ್ಟಾಪ್’ ಎಂದು ಕಳಿಸಿದರೆ ಇರುವ ತಡೆಯೂ ತೆಗೆದುಹೋಗಬಹುದು. 155223ಕ್ಕೆ ಸ್ಟಾಪ್, 1909ಕ್ಕೆ ಸ್ಟಾರ್ಟ್. ಇದೊಂದನ್ನು ಗಟ್ಟಿ ಮಾಡಿಕೊಳ್ಳಿ.

ಇನ್ನೊಂದು ತಪ್ಪು ಎರಡು ಸಿಮ್ ಇರುವವರದು. ಮೆಸೇಜ್ ಯಾವ ಸಿಮ್ಮಿನಿಂದ ಹೋಗುತ್ತದೋ ಆ ನಂಬರಿಗಷ್ಟೇ ತಡೆ ಬೀಳುತ್ತದೆ. ಇಂಟರ್ನೆಟ್‌ಗೆ ಒಂದು, ಬ್ಯಾಂಕಿಗೆ ಒಂದು ಸಿಮ್ ಇಟ್ಟುಕೊಂಡವರು ಎರಡರಿಂದಲೂ ಬೇರೆ ಬೇರೆಯಾಗಿ ಕಳಿಸಬೇಕು. ಬರುವ ಉತ್ತರವನ್ನು ಪೂರ್ತಿ ಓದಿ, ಖಚಿತಪಡಿಸಿ ಎಂದು ಕೇಳಿದ್ದರೆ ಅದಕ್ಕೂ ಉತ್ತರ ಕೊಡಿ. ಬರೆಯಲು ಬಾರದವರು ಅದೇ ಸಿಮ್ಮಿನಿಂದ 1909ಕ್ಕೆ ಕರೆ ಮಾಡಿಯೂ ಹೇಳಬಹುದು. ಒಂದು ವಾರ ಕಾದು ನೋಡಿ.

ಎಲ್ಲವನ್ನೂ ತಡೆದರೆ ಓಟಿಪಿ ಬರುತ್ತಾ, ಬ್ಯಾಂಕ್ ಮೆಸೇಜ್ ಬರುತ್ತಾ? ಚಿಕ್ಕಪ್ಪನೂ ಇದನ್ನೇ ಕೇಳಿದರು. ಬರುತ್ತದೆ. ವ್ಯವಹಾರದ ಮೆಸೇಜ್‌ಗಳಿಗೂ ಪ್ರಚಾರದ ಮೆಸೇಜ್‌ಗಳಿಗೂ ನಿಯಮ ಬೇರೆ. ಕಳಿಸಿದವರ ಹೆಸರಿನ ಕೊನೆಯ ಅಕ್ಷರ ನೋಡಿ, ಗೊತ್ತಾಗುತ್ತದೆ. ಹೆಸರಾದ ಮೇಲೆ ಒಂದು ಅಡ್ಡಗೆರೆ, ಅದರ ಮುಂದೆ ಒಂದು ಇಂಗ್ಲಿಷ್ ಅಕ್ಷರ. ‘ಪಿ’ ಇದ್ದರೆ ಪ್ರಚಾರ, ‘ಎಸ್’ ಇದ್ದರೆ ಸೇವೆ, ‘ಟಿ’ ಇದ್ದರೆ ವ್ಯವಹಾರ, ‘ಜಿ’ ಇದ್ದರೆ ಸರ್ಕಾರದ್ದು. 2025ರಿಂದ ಈ ಗುರುತು ಬಂದಿದೆ. ತುಂಬ ಒಳ್ಳೆಯ ಕೆಲಸ ಇದು. ಇಂಗ್ಲಿಷ್ ಬಾರದವರಿಗೂ ನಾಲ್ಕು ಅಕ್ಷರ ಹೇಳಿಕೊಟ್ಟರೆ ಸಾಕು. ಚಿಕ್ಕಪ್ಪ ಈಗ ಮೆಸೇಜ್ ತೆರೆಯುವುದೇ ಇಲ್ಲ, ಕೊನೆ ಅಕ್ಷರ ‘ಪಿ’ ಕಂಡರೆ ಅಳಿಸಿಬಿಡುತ್ತಾರೆ.

ಕೆಲವಷ್ಟೇ ಬೇಡ, ಕೆಲವು ಇರಲಿ ಅನ್ನುವವರಿಗೆ ಟ್ರಾಯ್‌ನದೇ ಡಿಎನ್‌ಡಿ ಆ್ಯಪ್ ಇದೆ. ಬ್ಯಾಂಕ್ ಮತ್ತು ಸಾಲ, ಸೈಟು–ಮನೆ, ಶಿಕ್ಷಣ, ಆರೋಗ್ಯ, ಪ್ರವಾಸ ಹೀಗೆ ವಿಭಾಗಗಳಿವೆ. ಬೇಡದ್ದನ್ನು ಆರಿಸಿ ತಡೆಯಬಹುದು.

ಇಷ್ಟಾದರೂ ಬಂದರೆ ಎರಡು ಕಾರಣ. ಒಂದು, ನಾವೇ ಒಪ್ಪಿಗೆ ಕೊಟ್ಟಿರುತ್ತೇವೆ. ಬಟ್ಟೆ ಅಂಗಡಿಯಲ್ಲಿ ಬಿಲ್ಲಿಗೆ ನಂಬರ್ ಹೇಳುವುದು, ಬೈಕ್ ಶೋರೂಮಿನಲ್ಲಿ ಫಾರಂ ತುಂಬುವುದು, ಆ್ಯಪ್ ಹಾಕುವಾಗ ಓದದೆ ಟಿಕ್ ಮಾಡುವುದು. ಬಿಲ್ಲಿಗೆ ನಂಬರ್ ಕೊಡಲೇಬೇಕು ಅಂತೇನಿಲ್ಲ, ‘ಬೇಡ’ ಅಂದರೆ ಸಾಕು. ಇನ್ನೊಂದು, ನೋಂದಣಿಯೇ ಇಲ್ಲದವರು ಸಾಮಾನ್ಯ ಹತ್ತಂಕಿಯ ನಂಬರಿನಿಂದ ಮಾಡುವ ಕರೆ. ಪ್ರಚಾರದ ಕರೆಗೆ 140ರಿಂದ ಶುರುವಾಗುವ ಸಂಖ್ಯೆಯಿದೆ. ಬ್ಯಾಂಕ್, ವಿಮೆಯಂಥ ಸಂಸ್ಥೆಗಳ ಸೇವಾ ಕರೆಗೆ 1600 ಸರಣಿ. ಇದನ್ನು ಬಿಟ್ಟು ಸಾಮಾನ್ಯ ಮೊಬೈಲ್ ನಂಬರಿನಿಂದ ಸಾಲ ಬೇಕಾ ಅಂತ ಕೇಳಿದರೆ ಅದು ನಿಯಮ ಮುರಿದ ಕರೆ.

ಸುಮ್ನೆ ಬ್ಲಾಕ್ ಮಾಡಿ ಬಿಡಬೇಡಿ, ದೂರು ಕೊಡಿ. ನೀವು ಬ್ಲಾಕ್ ಮಾಡಿದರೆ ನಿಮಗೊಬ್ಬರಿಗೆ ನಿಲ್ಲುತ್ತದೆ. ಅದೇ ನಂಬರ್ ಹರಿಹರದಲ್ಲೋ ಚನ್ನಗಿರಿಯಲ್ಲೋ ಇನ್ನೊಬ್ಬರ ಮನೆಯ ಹಿರಿಯರಿಗೆ ಹೋಗುತ್ತಿರುತ್ತದೆ. 2025ರ ಫೆಬ್ರವರಿಯಲ್ಲಿ ಟ್ರಾಯ್ ನಿಯಮ ಬಿಗಿ ಮಾಡಿತು. ಮೊದಲು ಮೂರು ದಿನದೊಳಗೆ ದೂರು ಕೊಡಬೇಕಿತ್ತು, ಈಗ ಏಳು ದಿನ ಅವಕಾಶವಿದೆ. ಹತ್ತು ದಿನದಲ್ಲಿ ಐದು ದೂರು ಬಂದರೆ ಆ ನಂಬರಿನ ಮೇಲೆ ಕ್ರಮ ಶುರುವಾಗಬೇಕು. ಇಂಥ ಹತ್ತಂಕಿಯ ನಂಬರುಗಳ ವಿರುದ್ಧ ದೂರು ಕೊಡಲು ನೀವು ಮೊದಲೇ ಡಿಎನ್‌ಡಿ ಮಾಡಿಸಿರಬೇಕು ಎಂಬುದೂ ಇಲ್ಲ. ಡಿಎನ್‌ಡಿ ಆ್ಯಪ್‌ನಲ್ಲಿ ಆ ಮೆಸೇಜ್ ಅಥವಾ ಕರೆಯನ್ನು ಆರಿಸಿ ದೂರು ಕಳಿಸಬಹುದು. ಆ್ಯಪ್ ಬೇಡವಾದರೆ ಬಂದ ನಂಬರ್, ತಾರೀಕು, ವಿಷಯ ಬರೆದಿಟ್ಟುಕೊಂಡು 1909ಕ್ಕೆ ಕರೆ ಮಾಡಿ.

ಒಂದು ಎಚ್ಚರಿಕೆ. ‘ನಿಮ್ಮ ನಂಬರಿಗೆ ಡಿಎನ್‌ಡಿ ಹಾಕಿಕೊಡ್ತೀವಿ, ಓಟಿಪಿ ಹೇಳಿ’ ಎಂದು ಯಾರಾದರೂ ಕರೆ ಮಾಡಿದರೆ ಅದು ಮೋಸ. ಆ್ಯಪ್‌ನಲ್ಲಿ ಓಟಿಪಿ ನೀವೇ ಹಾಕುವುದು ಬೇರೆ, ಕರೆಯಲ್ಲಿ ಬಾಯಿಬಿಟ್ಟು ಹೇಳುವುದು ಬೇರೆ. ದುಡ್ಡು ಹೋದರೆ ತಡ ಮಾಡದೆ ಸೈಬರ್ ಅಪರಾಧದ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ಫೋನಿನೊಳಗಿನ ಜಾಹೀರಾತು

ಲಾಕ್ ತೆಗೆಯುವ ಮುಂಚೆಯೇ ಪರದೆಯಲ್ಲಿ ದಿನಕ್ಕೊಂದು ಚಿತ್ರ, ಸುದ್ದಿ, ಆಟ ಕಾಣುತ್ತಿದ್ದರೆ ಅದು ಬಹುಪಾಲು ‘ಗ್ಲಾನ್ಸ್’. ಸೆಟ್ಟಿಂಗ್ಸ್ ತೆರೆದು ಮೇಲಿನ ಹುಡುಕುವ ಜಾಗದಲ್ಲಿ ಗ್ಲಾನ್ಸ್ ಎಂದು ಇಂಗ್ಲಿಷಿನಲ್ಲಿ ಬರೆಯಿರಿ, ಸಿಕ್ಕಿದ್ದನ್ನು ಆಫ್ ಮಾಡಿ. ಸಿಗದಿದ್ದರೆ ಲಾಕ್ ಸ್ಕ್ರೀನ್ ಅಥವಾ ವಾಲ್‌ಪೇಪರ್ ವಿಭಾಗದಲ್ಲಿ ನೋಡಿ.

ರೆಡ್ಮಿ, ಪೋಕೊ ಫೋನಿನವರು ‘ಎಂಎಸ್‌ಎ’ ಎಂಬುದನ್ನು ಹುಡುಕಬೇಕು. ಫೋನಿನ ಸ್ವಂತ ಆ್ಯಪ್‌ಗಳಲ್ಲಿ ಜಾಹೀರಾತು ತೋರಿಸುವುದೇ ಇದರ ಕೆಲಸ. ‘ಆಥರೈಸೇಶನ್ ಆ್ಯಂಡ್ ರಿವೊಕೇಶನ್’ ಎಂಬ ಪಟ್ಟಿಯಲ್ಲಿ ಅದು ಇರುತ್ತದೆ. ಆಫ್ ಮಾಡಲು ಹೋದರೆ ಹತ್ತು ಸೆಕೆಂಡ್ ಕಾಯಿಸುತ್ತದೆ, ಆಮೇಲೆ ರಿವೋಕ್ ಒತ್ತಬೇಕು. ಇಂಟರ್ನೆಟ್ ಆನ್ ಇರಬೇಕು. ಒಮ್ಮೆಗೆ ಆಗದಿದ್ದರೆ ಮತ್ತೆ ಪ್ರಯತ್ನಿಸಿ. ಬೇರೆ ಬ್ರ್ಯಾಂಡಿನ ಫೋನುಗಳಲ್ಲಿ ‘ರೆಕಮೆಂಡೇಶನ್’ ಎಂದು ಹುಡುಕಿ, ಸಿಕ್ಕಿದ್ದನ್ನೆಲ್ಲ ಆಫ್ ಮಾಡಿ.

ಮೇಲಿನಿಂದ ಇಳಿಯುವ ನೋಟಿಫಿಕೇಶನ್ ನಿಲ್ಲಿಸುವುದು ಇನ್ನೂ ಸುಲಭ. ಬಂದಾಗ ಅದರ ಮೇಲೆ ಬೆರಳು ಒತ್ತಿ ಹಿಡಿಯಿರಿ. ಯಾವ ಆ್ಯಪ್‌ನದು ಎಂದು ತೋರಿಸುತ್ತದೆ, ಅಲ್ಲೇ ಆಫ್ ಮಾಡಬಹುದು. ಫೋನ್ ಕನ್ನಡದಲ್ಲಿದ್ದರೆ ಇದನ್ನು ‘ಅಧಿಸೂಚನೆ’ ಎಂದು ಬರೆದಿರುತ್ತದೆ. ರೀಚಾರ್ಜ್‌ಗೆ ಹಾಕಿಕೊಂಡ ಕಂಪನಿಯ ಆ್ಯಪ್ ದಿನವೂ ಆಫರ್ ಕಳಿಸುತ್ತಿದ್ದರೆ ಅದಕ್ಕೂ ಇದೇ ಮದ್ದು. ರೀಚಾರ್ಜ್‌ಗೆ ಏನೂ ತೊಂದರೆಯಿಲ್ಲ.

‘ನಿಮ್ಮ ಫೋನಿಗೆ ವೈರಸ್ ಬಂದಿದೆ’ ಎಂದು ಹೆದರಿಸುವ ನೋಟಿಫಿಕೇಶನ್ ಹೆಚ್ಚಾಗಿ ಕ್ರೋಮ್‌ನಿಂದ ಬರುತ್ತದೆ. ಎಂದೋ ಯಾವುದೋ ವೆಬ್‌ಸೈಟಿನಲ್ಲಿ ‘ಅಲೋ’ ಒತ್ತಿರುತ್ತೀರಿ. ಕ್ರೋಮ್‌ನ ಮೂರು ಚುಕ್ಕಿ, ಸೆಟ್ಟಿಂಗ್ಸ್, ಸೈಟ್ ಸೆಟ್ಟಿಂಗ್ಸ್, ನೋಟಿಫಿಕೇಶನ್ಸ್. ಅಲ್ಲಿ ಗುರುತಿಲ್ಲದ ಸೈಟುಗಳನ್ನೆಲ್ಲ ಬ್ಲಾಕ್ ಮಾಡಿ.

ಏನೂ ಮುಟ್ಟದಿದ್ದರೂ ಪರದೆ ತುಂಬ ಜಾಹೀರಾತು ಬರುತ್ತಿದ್ದರೆ ಯಾವುದೋ ಆ್ಯಪ್ ಬೇರೆ ಆ್ಯಪ್‌ಗಳ ಮೇಲೆ ಕಾಣಿಸಿಕೊಳ್ಳುವ ಅನುಮತಿ ಪಡೆದಿದೆ ಎಂದರ್ಥ. ಸೆಟ್ಟಿಂಗ್ಸ್‌ನಲ್ಲಿ ‘ಡಿಸ್ಪ್ಲೇ ಓವರ್ ಅದರ್ ಆ್ಯಪ್ಸ್’ ಹುಡುಕಿ. ಚಿಕ್ಕಪ್ಪನ ಫೋನಿನಲ್ಲಿ ಸಿಕ್ಕಿದ್ದು ಒಂದು ಟಾರ್ಚ್ ಆ್ಯಪ್. ಫೋನಿನಲ್ಲೇ ಟಾರ್ಚ್ ಇರುವಾಗ ಬೇರೆ ಯಾಕೆ? ತೆಗೆದುಹಾಕಿದೆ, ಆ ಕಾಟ ಅಲ್ಲಿಗೆ ನಿಂತಿತು.

ಮೆಸೇಜ್ ಆ್ಯಪ್‌ನಲ್ಲಿ ಬಣ್ಣದ ಚಿತ್ರ, ಬಟನ್ ಇರುವ ಜಾಹೀರಾತು ಬಂದರೆ ಅದು ಆರ್‌ಸಿಎಸ್ ಚಾಟ್, ಅಂದರೆ ಇಂಟರ್ನೆಟ್ ಮೂಲಕ ಬರುವ ಮೆಸೇಜ್. ಗೂಗಲ್ ಮೆಸೇಜಸ್‌ನ ಸೆಟ್ಟಿಂಗ್ಸ್‌ನಲ್ಲಿ ಅದನ್ನು ಆಫ್ ಮಾಡಿ. ಸಾಮಾನ್ಯ ಮೆಸೇಜ್ ಎಂದಿನಂತೆ ಬರುತ್ತವೆ.

ಎಲ್ಲವನ್ನೂ ಆಫ್ ಮಾಡುವ ಹುಮ್ಮಸ್ಸಿನಲ್ಲಿ ಒಂದನ್ನು ಮಾತ್ರ ಮುಟ್ಟಬೇಡಿ. ‘ಎಮರ್ಜೆನ್ಸಿ ಅಲರ್ಟ್’ ಎಂಬ ವಿಭಾಗ ಹಾಗೇ ಇರಲಿ. 2023ರ ಅಕ್ಟೋಬರ್‌ನಲ್ಲಿ ಕರ್ನಾಟಕದಲ್ಲಿ ಎಲ್ಲರ ಫೋನೂ ಒಟ್ಟಿಗೇ ಜೋರಾಗಿ ಕೂಗಿತ್ತಲ್ಲ, ಅದು ಇದರದೇ ಪರೀಕ್ಷೆ. ಮಳೆ, ನೆರೆ ಬಂದಾಗ ಜನರನ್ನು ಎಚ್ಚರಿಸಲು ಇರುವ ವ್ಯವಸ್ಥೆ. ಹೊಳೆ ದಂಡೆಯ ಊರುಗಳಲ್ಲಿ ಇರುವವರಿಗೆ ಅದು ಬೇಕೇ ಬೇಕು.

ಇಷ್ಟು ಮಾಡಲು ನನಗೆ ಮುಕ್ಕಾಲು ಗಂಟೆ ಹಿಡಿಯಿತು, ಅರ್ಧ ಸಮಯ ಹೋದದ್ದು ಸಿಮ್ ಟೂಲ್‌ಕಿಟ್ ಹುಡುಕುವುದಕ್ಕೆ. ಫೋನಿಗೆ ಅಪ್‌ಡೇಟ್ ಬಂದ ಮೇಲೆ ಗ್ಲಾನ್ಸ್, ಎಂಎಸ್‌ಎ ಎರಡನ್ನೂ ಇನ್ನೊಮ್ಮೆ ನೋಡಿ. ಸಿಮ್ ಬದಲಿಸಿದರೆ ಮೊದಲ ಹೆಜ್ಜೆಯಿಂದ ಮತ್ತೆ ಶುರು ಮಾಡಿ.