ಗುತ್ತಿಗೆ ಕೆಲಸಕ್ಕೆ ನ್ಯಾಯಾಲಯದ ಮೂಲಕ ಪೊಲೀಸ್ ರಕ್ಷಣೆ ಪಡೆಯುವ ಬಗೆ

ಕಾನೂನುಬದ್ಧವಾಗಿ ಪಡೆದ ಗುತ್ತಿಗೆಯ ಕೆಲಸಕ್ಕೆ ಹೊರಗಿನವರು ಅಡ್ಡಬಂದು, ಲಾರಿಗಳನ್ನು ತಡೆದು, ಕೆಲಸಗಾರರನ್ನು ಹೆದರಿಸಿ ಕಳುಹಿಸುತ್ತಿದ್ದರೆ, ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ (ಸರ್ಕಾರ ಅಥವಾ ಅಧಿಕಾರಿಗಳಿಗೆ ನಿರ್ದೇಶನ ಕೋರುವ ಅರ್ಜಿ) ಸಲ್ಲಿಸಿ ಪೊಲೀಸ್ ರಕ್ಷಣೆ ಕೋರಬಹುದು. ವ್ಯಾಪಾರ, ವೃತ್ತಿ ನಡೆಸುವ ಹಕ್ಕಿಗೆ 19(1)(ಜಿ) ವಿಧಿಯೂ ಜೀವ ಮತ್ತು ಸ್ವಾತಂತ್ರ್ಯಕ್ಕೆ 21ನೇ ವಿಧಿಯೂ ಆಧಾರವಾಗುತ್ತವೆ. ಆದರೆ ವಿಚಾರಣೆಯಲ್ಲಿ ಮೊದಲು ಬರುವ ಪ್ರಶ್ನೆ, ಪೊಲೀಸರಿಗೆ ತಿಳಿಸಿದ್ದೀರಾ, ಅವರೇನು ಮಾಡಿದರು ಎಂಬುದು. ಇದಕ್ಕೆ ಕಾಗದದ ಮೇಲೆ ಉತ್ತರವಿಲ್ಲದಿದ್ದರೆ ಉಳಿದ ವಾದವೆಲ್ಲ ಬಲಹೀನವಾಗುತ್ತದೆ.

ಆದ್ದರಿಂದ ಹೆಚ್ಚಿನ ಶ್ರಮ ಠಾಣೆಗೆ ಕೊಡುವ ದೂರಿಗೇ ಸಲ್ಲಬೇಕು. ‘ಕೆಲವರು ತೊಂದರೆ ಕೊಡುತ್ತಿದ್ದಾರೆ’ ಎಂದಷ್ಟೇ ಬರೆದರೆ ಪ್ರಯೋಜನವಿಲ್ಲ. ಯಾವ ದಿನ, ಎಷ್ಟು ಗಂಟೆಗೆ, ಯಾವ ಗೇಟಿನ ಬಳಿ, ಯಾರು ಯಾವ ನೋಂದಣಿ ಸಂಖ್ಯೆಯ ಲಾರಿಯನ್ನು ತಡೆದರು, ಚಾಲಕನಿಗೆ ಏನೆಂದು ಬೆದರಿಕೆ ಹಾಕಿದರು ಎಂಬುದನ್ನು ಅವರಾಡಿದ ಮಾತಿನಲ್ಲೇ ಬರೆಯಿರಿ. ಕರಾರು ಪತ್ರ, ಕಾರ್ಯಾದೇಶ ಮತ್ತು ಪರವಾನಗಿಗಳ ನಕಲುಗಳನ್ನು ಲಗತ್ತಿಸಿ, ನಿಮ್ಮ ಪ್ರತಿಯ ಮೇಲೆ ಠಾಣೆಯ ಮೊಹರು, ದಿನಾಂಕ ಸಹಿತ ಸ್ವೀಕೃತಿ ಪಡೆಯಿರಿ. ‘ಇದು ಸಿವಿಲ್ ಸ್ವರೂಪದ್ದು’ ಎಂದು ಹಿಂಬರಹ ಕೊಟ್ಟರೆ ಬೇಸರಪಡದೆ ಜೋಪಾನವಾಗಿಡಿ, ಏಕೆಂದರೆ ಪೊಲೀಸರು ಕ್ರಮ ಕೈಗೊಳ್ಳಲಿಲ್ಲ ಎಂಬುದಕ್ಕೆ ಮುಂದೆ ಅದೇ ದಾಖಲೆ. ತೀವ್ರ ಗಾಯ ಮಾಡುವ ಹಲ್ಲೆ, ಸುಲಿಗೆಯಂಥ ಸಂಜ್ಞೇಯ ಅಪರಾಧ (ವಾರಂಟಿಲ್ಲದೆ ಪೊಲೀಸರು ಬಂಧಿಸಬಹುದಾದ ಅಪರಾಧ) ನಡೆದಿದ್ದೂ ಎಫ್‌ಐಆರ್ ದಾಖಲಿಸದಿದ್ದರೆ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 173(4)ನೇ ಕಲಮಿನಂತೆ ದೂರಿನ ಸಾರಾಂಶವನ್ನು ಅಂಚೆಯ ಮೂಲಕ ಪೊಲೀಸ್ ವರಿಷ್ಠಾಧಿಕಾರಿಗೆ ಕಳುಹಿಸಿ, ಅಲ್ಲಿಯೂ ಫಲ ಸಿಗದಿದ್ದರೆ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಹಾಕಬಹುದು. ರಕ್ಷಣೆಯ ಕೋರಿಕೆಯನ್ನು ಮಾತ್ರ ಪ್ರತ್ಯೇಕ ಮನವಿಯಾಗಿ ಕೊಡುವುದು ಒಳ್ಳೆಯದು.

ಎಲ್ಲ ಪ್ರಕರಣಕ್ಕೂ ರಿಟ್ ಸರಿಯಾದ ದಾರಿಯಲ್ಲ. ಅಡ್ಡಿಪಡಿಸುವವರು ಕರಾರಿನ ಎದುರು ಪಕ್ಷದವರೇ ಆಗಿದ್ದರೆ, ಅಥವಾ ಜಾಗದ ಸ್ವಾಧೀನವೇ ವಿವಾದದಲ್ಲಿದ್ದರೆ, ಹೈಕೋರ್ಟ್ ಸಾಮಾನ್ಯವಾಗಿ ಸಿವಿಲ್ ನ್ಯಾಯಾಲಯಕ್ಕೆ ಹೋಗಲು ಹೇಳುತ್ತದೆ. ಅಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಡಿ ತಾತ್ಕಾಲಿಕ ನಿರ್ಬಂಧಕಾಜ್ಞೆ (ಅಡ್ಡಿಪಡಿಸದಂತೆ ತಡೆಯುವ ಆದೇಶ) ಪಡೆದು, ಅದನ್ನು ಮೀರಿದರೆ 151ನೇ ಕಲಮಿನಡಿ ಪೊಲೀಸ್ ನೆರವಿಗೆ ಅರ್ಜಿ ಸಲ್ಲಿಸಬೇಕು. ಕರಾರಿನಲ್ಲಿ ಆರ್ಬಿಟ್ರೇಷನ್ ಷರತ್ತು (ವಿವಾದವನ್ನು ಮಧ್ಯಸ್ಥಗಾರರೇ ತೀರ್ಮಾನಿಸಬೇಕೆಂಬ ಷರತ್ತು) ಇದ್ದರೆ 1996ರ ಆರ್ಬಿಟ್ರೇಷನ್ ಕಾಯ್ದೆಯ 9ನೇ ಕಲಮಿನಡಿ ಮಧ್ಯಂತರ ರಕ್ಷಣೆ ಕೇಳಬಹುದು.

ರಿಟ್ ಅರ್ಜಿಯಲ್ಲಿ ಸರ್ಕಾರ, ವರಿಷ್ಠಾಧಿಕಾರಿ ಮತ್ತು ಠಾಣಾಧಿಕಾರಿಯ ಜೊತೆಗೆ ಅಡ್ಡಿಪಡಿಸುವವರನ್ನೂ ಹೆಸರಿಸಿ ಪ್ರತಿವಾದಿಗಳನ್ನಾಗಿ ಮಾಡಿ. ಅವರನ್ನು ಬಿಟ್ಟು ಪಡೆದ ಆದೇಶ, ನಮ್ಮ ಮಾತು ಕೇಳಲೇ ಇಲ್ಲ ಎಂಬ ಆಕ್ಷೇಪಕ್ಕೆ ಗುರಿಯಾಗುತ್ತದೆ. ಕೋರಿಕೆ ಕಿರಿದಾಗಿರಲಿ: ಇಂಥ ಸರ್ವೆ ನಂಬರಿನ ಜಾಗದಲ್ಲಿ, ಇಂಥ ಕಾರ್ಯಾದೇಶದ ಕೆಲಸ ಮುಗಿಯುವವರೆಗೆ, ಕೆಲಸಗಾರರೂ ವಾಹನಗಳೂ ನಿರಾತಂಕವಾಗಿ ಬಂದುಹೋಗಲು ರಕ್ಷಣೆ ಬೇಕು, ಅಷ್ಟೇ. ಪ್ರತಿಭಟನೆಯನ್ನೇ ನಿಷೇಧಿಸಿ ಎಂದು ಕೇಳುವುದು ನನ್ನ ದೃಷ್ಟಿಯಲ್ಲಿ ತಪ್ಪು. ಶಾಂತಿಯುತವಾಗಿ ಸೇರುವುದು ಅವರ ಸಾಂವಿಧಾನಿಕ ಹಕ್ಕು. ದಾರಿ ಕಟ್ಟುವುದಕ್ಕೂ ಕೈಮಾಡುವುದಕ್ಕೂ ಮಾತ್ರ ನಮ್ಮ ತಕರಾರು ಇರಬೇಕು. ಕರ್ನಾಟಕದಲ್ಲಿ ನಿಮ್ಮ ಜಿಲ್ಲೆ ಬೆಂಗಳೂರು, ಧಾರವಾಡ, ಕಲಬುರಗಿ ಪೈಕಿ ಯಾವ ಪೀಠಕ್ಕೆ ಸೇರುತ್ತದೆ ಎಂಬುದನ್ನು ವಕೀಲರಿಂದ ತಿಳಿದುಕೊಳ್ಳಿ.

ಆದೇಶ ಬಂದ ಮೇಲೆ ಅದರ ದೃಢೀಕೃತ ನಕಲನ್ನು ಠಾಣೆಗೆ ತಲುಪಿಸಿ ಸ್ವೀಕೃತಿ ಪಡೆಯಿರಿ. ಮುಖ್ಯ ಸಾಮಗ್ರಿ ಬರುವ ದಿನಗಳನ್ನು ಮುಂಚಿತವಾಗಿ ಬರಹದಲ್ಲಿ ತಿಳಿಸಿ. ರಕ್ಷಣೆಯ ವೆಚ್ಚವನ್ನು ಅರ್ಜಿದಾರರೇ ಭರಿಸಬೇಕೆಂದು ಆದೇಶದಲ್ಲಿದ್ದರೆ ಅದನ್ನು ತಡಮಾಡದೆ ಕಟ್ಟಿ. ಆದೇಶವನ್ನು ಉದ್ದೇಶಪೂರ್ವಕವಾಗಿ ಉಲ್ಲಂಘಿಸಿದರೆ 1971ರ ನ್ಯಾಯಾಂಗ ನಿಂದನಾ ಕಾಯ್ದೆಯಡಿ ದೂರು ಸಲ್ಲಿಸಬಹುದು; ಇದಕ್ಕೆ ಉಲ್ಲಂಘನೆಯ ದಿನದಿಂದ 1 ವರ್ಷದ ಕಾಲಮಿತಿಯಿದೆ.